ಕಡಲ ಹುಳುವಿಗೆ ಹಾಲುತುಪ್ಪ

ದೆವ್ವ, ಪವಾಡ ಇತ್ಯಾದಿ ಇಲಾಖೆಗಳೊಂದಿಗೆ ನಾನು ಎಂದೂ ವ್ಯವಹಾರ ಇಟ್ಟುಕೊಂಡವನಲ್ಲ. ಯಾರಾದರೂ ಅಂಥ ಕಥೆ ತೆಗೆದರೆ, ಕೆಲಸವಿದೆ ಎಂದು ಎದ್ದು ಹೋಗುತ್ತಿದ್ದೆ. ಈಗ ನಾನೇ ಹೇಳಹೊರಟಿದ್ದೇನೆ. ನೀವು ಎದ್ದು ಹೋದರೆ ಬೇಸರವಿಲ್ಲ.

ಯುದ್ಧದ ಕಾಲ. ಮದರಾಸಿನ ಮೇಲೆ ಬಾಂಬು ಬೀಳುತ್ತದೆಂದು ಜನ ಊರು ಬಿಟ್ಟಾಗ, ಡಾಕ್ಟರಮ್ಮ ನಮ್ಮೂರು ರಾಯಕೋಟೆಯಲ್ಲಿದ್ದ ತಮ್ಮ ತಾಯಿಯ ಮನೆಗೆ ಬಂದರು. ಅವರು ಕಾಯಿಲೆಯ ಡಾಕ್ಟರಲ್ಲ, ಕಡಲ ಜೀವಿಗಳ ಶಾಸ್ತ್ರದಲ್ಲಿ ಡಾಕ್ಟರು. ಹೆಂಗಸರು ಆ ಓದಿನ ಹೊಸ್ತಿಲೂ ತುಳಿಯದಿದ್ದ ಕಾಲದಲ್ಲಿ ಸೀರೆ ಎತ್ತಿ ಕಟ್ಟಿ ಬೆಸ್ತರ ದೋಣಿ ಹತ್ತಿದವರು. ಇದನ್ನು ಊರಿಗೆ ವಿವರಿಸಿ ಸೋತು, ಕೊನೆಗೆ ಕೆಮ್ಮಿದವರಿಗೆಲ್ಲ ಕಷಾಯ ಹೇಳಿ ಕಳಿಸುತ್ತಿದ್ದರು. ಜೊತೆಗೆ ಗಾಡಿಗಟ್ಟಲೆ ಗಾಜಿನ ಸೀಸೆಗಳು. ಒಂದೊಂದರಲ್ಲೂ ಸ್ಪಿರಿಟ್ಟಿನಲ್ಲಿ ಮುಳುಗಿದ ಮೀನು, ಏಡಿ, ಹುಳು. ಶಾಲೆಯ ಮೇಷ್ಟ್ರಾಗಿದ್ದ ನಾನು ಸಂಜೆ ಹೋಗಿ ಅವಕ್ಕೆ ಹೆಸರಿನ ಚೀಟಿ ಅಂಟಿಸುತ್ತಿದ್ದೆ. ಕಡಲನ್ನು ನಾನು ಕಂಡವನಲ್ಲ.

ಬೇಸಿಗೆಯಲ್ಲಿ ಸ್ಪಿರಿಟ್ಟು ಆರತೊಡಗಿತು. ಹೊಸದು ಸಿಗುವುದೆಲ್ಲಿ? ಇದ್ದದ್ದೆಲ್ಲ ಯುದ್ಧಕ್ಕೆ ಹೋಗುತ್ತಿತ್ತು. ಮೇಲಾಗಿ ಪಾನನಿರೋಧಕ್ಕೆ ಸರ್ಕಾರ ಎಲ್ಲರಿಗಿಂತ ಮೊದಲು ಆರಿಸಿಕೊಂಡದ್ದು ನಮ್ಮ ಜಿಲ್ಲೆಯನ್ನೇ. ಸತ್ತ ಮೀನಿಗೂ ಪರವಾನಗಿ ಬೇಕಿತ್ತು. ಡಾಕ್ಟರಮ್ಮ ಅದಕ್ಕಾಗಿ ಮದರಾಸಿಗೆ ಹೊರಟರು. ಹೋಗುವಾಗ ಒಂದು ಸಣ್ಣ ಸೀಸೆ ತೋರಿಸಿ, “ಬೇರೆಯವು ಹೋದರೆ ಮತ್ತೆ ಹಿಡಿಯಬಹುದು ಮೇಷ್ಟ್ರೇ. ಇದು ಹೋದರೆ ನಾನು ಸುಳ್ಳು ಹೇಳಿದವಳಾಗುತ್ತೇನೆ,” ಎಂದರು. ಒಳಗಿದ್ದದ್ದು ಕಿರುಬೆರಳಷ್ಟು ಕಡಲ ಹುಳು. ಮೊದಲು ಕಂಡು ಹೆಸರಿಟ್ಟವರು ಅವರೇ; ಅಂಥ ಜೀವಿಯೊಂದು ಇದೆ ಎನ್ನುವುದಕ್ಕೆ ಅದೊಂದೇ ಸಾಕ್ಷಿ.

ಅವರು ಹಿಂತಿರುಗುವ ಹಿಂದಿನ ಸಂಜೆ ನಾನು ಹೋದಾಗ, ಕಸ ಗುಡಿಸುವ ಮುನಿಯಮ್ಮ ಆ ಸೀಸೆಯ ಮುಂದೆ ಕೈಮುಗಿದು ನಿಂತಿದ್ದಳು. ಸೀಸೆಯೊಳಗೆಲ್ಲ ಬೆಳ್ಳಗಾಗಿತ್ತು.

“ಏನು ಮಾಡಿದೆಯಮ್ಮ?”

“ಹಾಲುತುಪ್ಪ ಬುಟ್ಟೆ ಸಾಮಿ. ಸತ್ತೋರ್ನ ಮಣ್ಗೂ ಆಕ್ದೆ, ಹಾಲುತುಪ್ಪಾನೂ ಬುಡ್ದೆ, ಸಾಲಾಗಿ ಕುಂಡ್ರುಸ್ಕಂಡವ್ರೆ. ಓದ್ದೋರ್ಗೆ ಅಷ್ಟು ಗ್ಯಾನ ಬ್ಯಾಡ್ವ?”

“ಎಲ್ಲ ಬಿಟ್ಟು ಇದಕ್ಕೇ ಯಾಕೆ?”

“ಅಮ್ಮಾವ್ರು ದಿನಾ ಇದ್ರ ಮುಂದೇನೇ ಕುಂತ್ಕತಾರೆ. ಹತ್ರದ ನೆಂಟ್ರು ಅನ್ಕಂಡೆ.”

ತೊಳೆಯಲು ಸ್ಪಿರಿಟ್ಟಿಲ್ಲ, ನೀರಿಗೆ ಹಾಕಿದರೆ ಕೊಳೆಯುತ್ತದೆ. ಮುಚ್ಚಳ ಹಾಕಿ, ಕೋಣೆಗೆ ಬೀಗ ಜಡಿದು, ಬೀಗದ ಕೈಯನ್ನು ಸೊಂಟಕ್ಕೆ ಸಿಕ್ಕಿಸಿಕೊಂಡು ಮನೆಗೆ ಹೋದೆ.

ಬೆಳಗಿನ ಬಸ್ಸಿನಿಂದ ಡಾಕ್ಟರಮ್ಮ ಬರಿಗೈಯಲ್ಲಿ ಇಳಿದರು. ದಾರಿಯಲ್ಲೇ ಎಲ್ಲ ಹೇಳಿದೆ. ಬೀಗ ತೆಗೆದೆ. ಸೀಸೆ ಕತ್ತಿನವರೆಗೆ ತುಂಬಿತ್ತು, ಒಳಗೆ ತಿಳಿನೀರು. ಹಾಲಿನ ಗುರುತೇ ಇಲ್ಲ, ಹುಳು ಇದ್ದಂತೆಯೇ ಇದೆ. ಕೋಣೆಯಲ್ಲಿ ನಾನರಿಯದ ಯಾವುದೋ ವಾಸನೆ. ಡಾಕ್ಟರಮ್ಮ ಬಾಗಿಲಲ್ಲೇ ನಿಂತುಬಿಟ್ಟರು. ಆಮೇಲೆ ಬೆರಳದ್ದಿ ನಾಲಗೆಗೆ ಇಟ್ಟುಕೊಂಡು, “ಉಪ್ಪು,” ಎಂದು ಪೆಟ್ಟಿಗೆಯ ಮೇಲೆ ಕುಳಿತರು. ಸೀಸೆಯನ್ನು ಬೆಳಕಿಗೆ ಹಿಡಿದು ನೋಡಿ, “ಈ ನೀರಿನಲ್ಲಿ ಇದು ಉಳಿಯಬಾರದು ಮೇಷ್ಟ್ರೇ,” ಎಂದರು.

ಉಳಿಯಿತು. ವಾರ ಕಾದು ನೋಡಿ, ಡಾಕ್ಟರಮ್ಮ ನನ್ನ ಮುಖ ತಪ್ಪಿಸಿಕೊಂಡು ಒಂದು ಸಾಧಾರಣ ಮೀನಿನ ಸೀಸೆಯನ್ನು ಮುಂದಿಟ್ಟು, “ಮುನಿಯಮ್ಮ, ಇದಕ್ಕೂ ಒಂಚೂರು ಬಿಡು,” ಎಂದರು. ಅವಳು ಶಾಸ್ತ್ರೋಕ್ತವಾಗಿ ಬಿಟ್ಟಳು. ಮಾರನೆಯ ದಿನ ಹಾಲು ಒಡೆದು, ಮನೆಯೊಳಗೆ ನಿಲ್ಲಲಾರದಷ್ಟು ನಾತ.

“ಇವ್ರು ದೂರದ ನೆಂಟ್ರು ಬುಡಿ,” ಎಂದು ಮುನಿಯಮ್ಮ ಪೊರಕೆ ತೆಗೆದುಕೊಂಡಳು.

ಆ ಬೇಸಿಗೆ ಮಿಕ್ಕ ಸೀಸೆಗಳಲ್ಲಿ ಬಹುಪಾಲು ಒಣಗಿದವು. ಯುದ್ಧ ಮುಗಿದ ಮೇಲೆ ಡಾಕ್ಟರಮ್ಮ ಆ ಸಣ್ಣ ಸೀಸೆಯನ್ನು ಮಡಿಲಲ್ಲಿಟ್ಟುಕೊಂಡು ಬಸ್ಸು ಹತ್ತಿದರು. ಈ ವಿಷಯ ಅವರು ಎಲ್ಲೂ ಬರೆದಂತಿಲ್ಲ. ಬರೆಯುವುದಾದರೂ ಏನನ್ನು?

ಎಷ್ಟೋ ವರ್ಷಗಳ ಮೇಲೆ ಯಾರದೋ ಮದುವೆಗೆಂದು ಮದರಾಸಿಗೆ ಹೋಗಿದ್ದೆ. ಸಂಜೆ ಬಂಧುಗಳು ಕಡಲು ತೋರಿಸಲು ಕರೆದೊಯ್ದರು. ನೀರು ಕಾಣುವ ಮೊದಲೇ ವಾಸನೆ ಬಂತು. ಅದೇ, ಆ ಬೆಳಗ್ಗೆ ಕೋಣೆಯಲ್ಲಿದ್ದದ್ದು. ಕಾಲು ನೋಯುತ್ತದೆಂದು ಹೇಳಿ ನಾನು ರಸ್ತೆಯ ಬದಿಯಲ್ಲೇ ಕುಳಿತೆ. ಬೀಗದ ಕೈ ಆ ರಾತ್ರಿಯೆಲ್ಲ ನನ್ನ ಸೊಂಟದಲ್ಲೇ ಇತ್ತಲ್ಲ ಎಂಬುದೊಂದೇ ಇಂದಿಗೂ ನನ್ನ ತಕರಾರು.