ಅರವತ್ತು ಮೀಟರ್, ಎರಡು ಚೀಟಿ

ಅಕ್ಕ ತೀರಿಕೊಂಡ ಇಪ್ಪತ್ಮೂರನೆಯ ದಿನ ನಾನು ನನ್ನ ಬದುಕಿನ ಅತಿ ವೇಗದ ಅರವತ್ತು ಮೀಟರ್ ಓಡಿದೆ. ಇದನ್ನು ಕೇಳಿದವರೆಲ್ಲ, ಅಕ್ಕನಿಗಾಗಿಯೇ ಓಡಿರಬೇಕು ಎನ್ನುತ್ತಾರೆ. ಹಾಗೇನೂ ಇರಲಿಲ್ಲ. ಆ ದಿನಗಳಲ್ಲಿ ನಾನು ಯಾರಿಗಾಗಿಯೂ ಏನನ್ನೂ ಮಾಡುವ ಸ್ಥಿತಿಯಲ್ಲಿರಲಿಲ್ಲ.

ನಾವಿಬ್ಬರೂ ಆಲಮಟ್ಟಿಯಲ್ಲಿ ಬೆಳೆದವರು. ಅಪ್ಪನಿಗೆ ಕಾಲುವೆಯ ಗೇಟು ನೋಡಿಕೊಳ್ಳುವ ನೌಕರಿ. ಕ್ವಾರ್ಟರ್ಸಿನ ಹಿಂದೆ ಕಾಲುವೆಯ ದಂಡೆಗುಂಟ ಇಲಾಖೆಯ ಜೀಪು ಓಡಾಡುವ ಗರಸುಮಣ್ಣಿನ ರಸ್ತೆಯೊಂದಿತ್ತು. ಓಡುವುದನ್ನು ಕಲಿತದ್ದು ಅದರ ಮೇಲೆ, ಬರಿಗಾಲಿನಲ್ಲಿ. ಅಕ್ಕ ನನಗಿಂತ ಐದು ವರ್ಷ ದೊಡ್ಡವಳು. ಎರಡು ಸಲ ರಾಜ್ಯಮಟ್ಟಕ್ಕೆ ಹೋಗಿ ಬಂದವಳು. ಆಮೇಲೆ ಸಿಂದಗಿಯ ಹೈಸ್ಕೂಲ್ ಮಾಸ್ತರರೊಬ್ಬರ ಜೊತೆ ಮದುವೆಯಾಯಿತು. ಅವಳ ಓಟವನ್ನು ಯಾರೂ ನಿಲ್ಲಿಸಲಿಲ್ಲ, ತಾನೇ ನಿಲ್ಲಿಸಿದಳು. "ನನಗ ಸಾಕಾತು. ಇನ್ನ ನೀ ಓಡು," ಅಂದಳು. ಮಗಳು ಹುಟ್ಟಿದ ಮೇಲೂ ನನ್ನ ಕೂಟಗಳಿಗೆ ಬಂದು ಕೂಸನ್ನು ಮಡಿಲಲ್ಲಿಟ್ಟುಕೊಂಡು ಕೂರುತ್ತಿದ್ದಳು. ನಾನು ಗೆದ್ದರೂ ಸೋತರೂ ಅವಳದೊಂದೇ ಮಾತು. ಓಟ ಶುರುವಾದ ಕೂಡಲೇ ನಾನು ತಲೆ ಎತ್ತಿಬಿಡುತ್ತೇನೆ ಎಂಬುದು. "ಬಾಜೂಕ ಯಾರದಾರಂತ ಆಮ್ಯಾಲ ನೋಡೀಯಂತ. ಅಷ್ಟ್ಯಾಕ ಅವಸರ ನಿನಗ?"

ಹೊರದೇಶದಲ್ಲಿ ನಡೆಯಲಿದ್ದ ಒಳಾಂಗಣ ಕೂಟಕ್ಕೆ ನಾನು ಆಯ್ಕೆಯಾದ ಸುದ್ದಿ ಬಂದಾಗ ಎಲ್ಲರಿಗಿಂತ ಮೊದಲು ಹೇಳಿದ್ದು ಅವಳಿಗೇ. ಸಂಭ್ರಮಪಡುವ ಬದಲು ಒಂದು ಪ್ರಶ್ನೆ ಕೇಳಿದಳು: "ಮನಿಯೊಳಗ ಹೆಂಗ ಓಡ್ತೀರಿ? ಗ್ವಾಡಿಗಿ ಹಾಯೂದಿಲ್ಲೇನು?" ಗೋಡೆಗೆ ದಪ್ಪನೆಯ ಗಾದಿ ಕಟ್ಟಿರುತ್ತಾರೆ, ಓಡಿ ಹೋಗಿ ಅದಕ್ಕೇ ಆತು ನಿಲ್ಲುವುದು ಎಂದೆ. ಬಹಳ ಹೊತ್ತು ನಕ್ಕಳು.

ಒಂದು ತಿಂಗಳಿಗೆ ಅವಳಿಗೆ ಕಾಮಾಲೆಯಾಯಿತು. ನಾಟಿ ಔಷಧ, ಪಥ್ಯ, ಆಮೇಲೆ ವಿಜಯಪುರದ ಆಸ್ಪತ್ರೆ. ತರಬೇತಿ ಶಿಬಿರದಲ್ಲಿದ್ದ ನನಗೆ ಭಾವನ ಫೋನು ಬಂತು. ನಾನು ಬಸ್ಸಿಳಿದು ಹೋಗುವ ಹೊತ್ತಿಗೆ ಅವಳು ಮಾತಾಡುವುದನ್ನು ಬಿಟ್ಟಿದ್ದಳು. ಎಂಟು ದಿನಗಳಲ್ಲಿ ಎಲ್ಲ ಮುಗಿಯಿತು.

ಸಿಂದಗಿಯಲ್ಲಿ ಮಣ್ಣು ಮಾಡಿದರು. ಅದಕ್ಕೂ ಮುಂಚೆ, ನಮ್ಮ ಪದ್ಧತಿಯಂತೆ ಅಂಗಳದಲ್ಲಿ ಅವಳನ್ನು ಕೂರಿಸಿದಾಗ ನಾನು ಅವಳ ಪಾದಗಳ ಬಳಿ ನಿಂತಿದ್ದೆ. ಎಡಗಾಲಿನ ಹೆಬ್ಬೆರಳ ಉಗುರು ಕಪ್ಪಗಿತ್ತು. ಹುಡುಗಿಯಾಗಿದ್ದಾಗ ಅಳತೆಗೆ ಸಣ್ಣದಾದ ಸ್ಪೈಕ್ಸ್ ಬೂಟು ಹಾಕಿಕೊಂಡು ಓಡಿ ಓಡಿ ಹಾಳಾದ ಉಗುರು. ಮದುವೆಯಾಗಿ ಇಷ್ಟು ವರ್ಷವಾದರೂ ಅದು ಸರಿಯಾಗಿಲ್ಲವಲ್ಲ ಎಂದುಕೊಂಡೆ. ಅದೊಂದೇ ವಿಚಾರ. ಪಕ್ಕದಲ್ಲಿದ್ದ ಸೋದರತ್ತೆ ನನ್ನ ಬೆನ್ನು ಗುದ್ದಿ, "ಅಳವ್ವಾ, ಅತ್ತಬಿಡು. ಹಗುರಾಗ್ತದ," ಅಂದಳು. ಪ್ರಯತ್ನ ಮಾಡಿದೆ. ಬಾಯಿ ತೆರೆದರೆ ಆಕಳಿಕೆ ಬಂತು. ಯಾರೋ ನೋಡಿದರು. ಸೆರಗಿನಂತೆ ದುಪಟ್ಟಾ ಎಳೆದುಕೊಂಡು ಮುಖ ಮುಚ್ಚಿಕೊಂಡೆ.

ಹನ್ನೆರಡನೆಯ ದಿನ ಬೆಳಿಗ್ಗೆ ಅವ್ವ ಆಲಮಟ್ಟಿಯ ಅಡುಗೆಮನೆಯಲ್ಲಿ ರೊಟ್ಟಿ ಬಡಿಯುತ್ತಿದ್ದಳು. ಕೈ ನಿಲ್ಲಿಸದೆ, "ನಿನ್ನ ಸಾಮಾನು ಕಟ್ಟಿಕೋ," ಅಂದಳು.

"ಎಲ್ಲಿಗಿ?"

"ಎಲ್ಲಿಗಿ ಹೋಗೂದಿತ್ತೋ ಅಲ್ಲಿಗಿ."

"ಬ್ಯಾಡಬೇ. ಕೋಚ್ ಮೇಡಂಗ ಬರೂದಿಲ್ಲಂತ ಹೇಳೇನಿ."

"ಬರ್ತೇನಂತ ಹೇಳು." ರೊಟ್ಟಿ ತಿರುವಿ ಹಾಕಿದಳು. "ಇಲ್ಲಿ ಕುಂತು ಏನ್ ಮಾಡ್ತಿ? ನೀ ಅಡ್ಯಾಡಾಕತ್ತಿದ್ರ ಆಕೀನ ಅಡ್ಯಾಡಿದಂಗ ಆಗ್ತದ ನನಗ. ನಾಕ ದಿನ ಕಣ್ಣಮುಂದ ಇರಬ್ಯಾಡ."

ಹೂಂ ಅಂದು ಒಳಗೆ ಹೋಗಿ ಬ್ಯಾಗು ತುಂಬಿದೆ. ಆ ಮಾತು ನನಗೆ ಚುಚ್ಚಿದ್ದು ಎಷ್ಟೋ ತಿಂಗಳ ನಂತರ. ಅವತ್ತು ಅದು ಬಸ್ಸಿನ ವೇಳೆ ಹೇಳಿದಷ್ಟೇ ಸರಳವಾಗಿ ಕೇಳಿಸಿತು.

ವಿಮಾನವಿಳಿದಲ್ಲಿ ಹಿಮ ಬಿದ್ದಿತ್ತು. ಜೊತೆಗಿದ್ದ ಹುಡುಗಿಯರು ಅದನ್ನು ಮುಟ್ಟಿ ಫೋಟೋ ತೆಗೆಸಿಕೊಂಡರು. ನಾನೂ ನಿಂತೆ. ಆ ಫೋಟೋದಲ್ಲಿ ನಾನು ನಗುತ್ತಿದ್ದೇನೆ. ಯಾರು ನಗಲು ಹೇಳಿದರೋ ನೆನಪಿಲ್ಲ.

ಕ್ರೀಡಾಂಗಣದೊಳಗೆ ಮಾತ್ರ ಬೆಚ್ಚಗಿತ್ತು. ನಮ್ಮ ಕಡೆ ಓಡುವವರಿಗೆ ಗಾಳಿಯೇ ಮೊದಲ ಲೆಕ್ಕ, ಎದುರು ಗಾಳಿಯೋ ಹಿಂದಿನದೋ ಎಂದು ಧೂಳು ಹಾರಿಸಿ ನೋಡುತ್ತೇವೆ. ಇಲ್ಲಿ ಗಾಳಿಯೇ ಇರಲಿಲ್ಲ. ನಡುವೆ ಎಂಟು ನೇರ ಲೇನುಗಳು, ತುದಿಯಲ್ಲಿ ನೀಲಿ ಗಾದಿಯ ಗೋಡೆ. ಅಷ್ಟು ಜನ ಕೂತಿದ್ದರೂ ನೀರೊಳಗೆ ಮುಳುಗಿದವಳಿಗೆ ದಂಡೆಯ ಮಾತು ಕೇಳಿಸುವ ಹಾಗೆ ಅವರ ಸದ್ದು ನನ್ನನ್ನು ತಲುಪುತ್ತಿತ್ತು.

ಗುಂಪು ಗುಂಪಾಗಿ ಓಡಿಸುತ್ತಿದ್ದರು. ಪ್ರತಿ ಗುಂಪಿನ ಮೊದಲ ಮೂವರು ನೇರವಾಗಿ ಸೆಮಿಫೈನಲ್‌ಗೆ. ಉಳಿದವರಲ್ಲಿ ಹೆಚ್ಚು ವೇಗದ ಕೆಲವರಿಗೂ ಜಾಗ. ನನ್ನದು ಆರನೆಯ ಲೇನು. ಬ್ಲಾಕಿನಲ್ಲಿ ಕಾಲಿಟ್ಟೆ, ಬೆರಳುಗಳನ್ನು ಗೆರೆಯ ಹಿಂದೆ ಊರಿದೆ. ಮುಂಚೆ ಪ್ರತಿ ಸಲವೂ ಆ ಕ್ಷಣದಲ್ಲಿ ಹೆದರಿಕೆಯಾಗುತ್ತಿತ್ತು. ಅವತ್ತು ಏನೂ ಇಲ್ಲ. ಪಿಸ್ತೂಲಿನ ಸದ್ದು ಬಂತು, ದೇಹ ಎದ್ದು ಹೋಯಿತು. ತಲೆ ಎತ್ತಲಿಲ್ಲ. ಎತ್ತಬಾರದೆಂದಲ್ಲ, ಪಕ್ಕದಲ್ಲಿ ಯಾರಿದ್ದಾರೆಂದು ನೋಡುವ ಆಸೆಯೇ ಇರಲಿಲ್ಲ. ಗಾದಿ ಎದೆಗೆ ಬಂದು ಬಡಿದಾಗಲೇ ಓಟ ಮುಗಿದಿದೆ ಎಂದು ತಿಳಿದದ್ದು.

ನಾಲ್ಕನೆಯವಳಾಗಿದ್ದೆ. ಹಿಂದೆಂದೂ ಓಡದಷ್ಟು ವೇಗವಾಗಿ ಓಡಿದ್ದೆ. ನಮ್ಮ ಕೋಚ್ ಮೈಸೂರು ಕಡೆಯವರು, ಎಂದೂ ದನಿ ಎತ್ತದ ಹೆಂಗಸು. ಅವರು ಕಟಕಟೆಯ ಆಚೆಯಿಂದಲೇ ಕೈ ಬೀಸಿ ಕರೆದರು. "ಫಲಕ ನೋಡೇ, ಫಲಕ ನೋಡು," ಎನ್ನುತ್ತಿದ್ದರು. ಉಳಿದ ಗುಂಪುಗಳ ಓಟವೆಲ್ಲ ಮುಗಿದಾಗ ಸೆಮಿಫೈನಲ್‌ನ ಕೊನೆಯ ಒಂದು ಜಾಗಕ್ಕೆ ಇಬ್ಬರು ಉಳಿದೆವು. ನಾನು, ಮತ್ತು ಇನ್ನೊಂದು ಗುಂಪಿನಲ್ಲಿ ಓಡಿದ್ದ ಬೇರೆ ದೇಶದ ಹುಡುಗಿ. ಗುರಿಗೆರೆಯಲ್ಲಿ ತೆಗೆದ ಚಿತ್ರ ಹಿಗ್ಗಿಸಿ ನೋಡಿದರೂ ಸೆಕೆಂಡಿನ ಸಾವಿರದಲ್ಲೊಂದು ಭಾಗದವರೆಗೆ ಇಬ್ಬರದೂ ಒಂದೇ ಸಮಯ. ಖಾಲಿ ಲೇನು ಇದ್ದದ್ದು ಒಂದೇ.

"ಇನ್ನೊಮ್ಮೆ ಓಡಸ್ತಾರೇನ್ರಿ?" ಎಂದು ಕೇಳಿದೆ.

"ಇಲ್ಲ. ಚೀಟಿ ಎತ್ತುತ್ತಾರೆ. ನಿಯಮ ಹಾಗಿದೆ," ಎಂದರು ಮೇಡಂ.

ಒಂದು ಸಣ್ಣ ಕೋಣೆಗೆ ಕರೆದೊಯ್ದರು. ಮೇಜು, ನಾಲ್ಕು ಕುರ್ಚಿ, ನೀರಿನ ಬಾಟಲಿಗಳು. ವಯಸ್ಸಾದ ಅಧಿಕಾರಿಣಿಯೊಬ್ಬರು ಎರಡು ಕಾಗದಗಳ ಮೇಲೆ ನಮ್ಮ ನಂಬರು ಬರೆದು, ನಮಗೆ ತೋರಿಸಿ, ಮಡಚಿ ಬಟ್ಟೆಯ ಚೀಲದೊಳಗೆ ಹಾಕಿದರು. ಆ ಹುಡುಗಿಗೆ ಹತ್ತೊಂಬತ್ತು ಇದ್ದೀತು. ಕಣ್ಣು ಮುಚ್ಚಿ ತನ್ನ ಭಾಷೆಯಲ್ಲಿ ಏನನ್ನೋ ಹೇಳಿಕೊಳ್ಳುತ್ತಿದ್ದಳು. ನಾನು ಚೀಲವನ್ನು ನೋಡುತ್ತಿದ್ದೆ. ಅದರ ಹೊಲಿಗೆ ಒಂದು ಕಡೆ ಬಿಟ್ಟಿತ್ತು.

ಚೀಟಿಯಲ್ಲಿ ಅವಳ ನಂಬರು ಬಂತು. ಅವಳು ಅಲ್ಲೇ ನೆಲದ ಮೇಲೆ ಕೂತು ಅತ್ತಳು. ಆಮೇಲೆ ಎದ್ದು ಬಂದು ನನ್ನನ್ನು ತಬ್ಬಿಕೊಂಡಳು. ಅವಳ ಎದೆ ಹೊಡೆದುಕೊಳ್ಳುವುದು ನನ್ನ ಎದೆಗೆ ತಾಕುತ್ತಿತ್ತು. ಎಷ್ಟು ಜೋರಾಗಿದೆ ಎಂದುಕೊಂಡೆ. ಅವಳ ಬೆನ್ನು ತಟ್ಟಿದೆ, ಅಷ್ಟು ಮಾಡಬೇಕೆಂದು ಗೊತ್ತಿತ್ತು.

ಹೊರಗೆ ಬಂದ ಮೇಲೆ ಮೇಡಂ ನನ್ನ ತೋಳು ಹಿಡಿದು ನಿಲ್ಲಿಸಿದರು. "ನಿಂಗೇನೂ ಅನ್ನಿಸ್ತಾ ಇಲ್ವೇನೇ?"

"ಹಸಿವ್ಯಾಗೇದರಿ."

ಅವರು ನನ್ನನ್ನು ಊಟದ ಕೋಣೆಗೆ ಕರೆದುಕೊಂಡು ಹೋಗಿ ಎದುರಿಗೆ ಕೂತರು. ಎರಡು ಸಲ ಅನ್ನ ಹಾಕಿಸಿಕೊಂಡು ಉಂಡೆ. ಸಂಜೆ ಸೆಮಿಫೈನಲ್ ನೋಡಿದೆವು. ಆ ಹುಡುಗಿ ತನ್ನ ಗುಂಪಿನಲ್ಲಿ ಕೊನೆಯವಳಾದಳು. ಆಗಲೂ ನನಗೆ ಸಮಾಧಾನವಾಗಲಿಲ್ಲ, ಸಂಕಟವೂ ಆಗಲಿಲ್ಲ.

ಅಪ್ಪನಿಗೆ ಫೋನಿನಲ್ಲಿ ವಿವರಿಸಿದೆ. "ಪಂಚಾಯ್ತಿ ಎಲೆಕ್ಷನ್‌ದಾಗ ಓಟು ಸಮ ಬಂದ್ರ ಹಂಗ ಮಾಡ್ತಾರ. ಸೋತಾವರ ಮನಿಯಾಗ ಆಮ್ಯಾಲ ಐದು ವರ್ಷ ಅದ ಮಾತು," ಅಂದ. ಅವ್ವನಿಗೆ ಕೊಡು ಎಂದೆ. ಮಲಗಿದ್ದಾಳೆ ಎಂದ. ಅಲ್ಲಿ ಆಗ ಮಧ್ಯಾಹ್ನ. ಅವ್ವ ಎಂದೂ ಮಧ್ಯಾಹ್ನ ಮಲಗಿದವಳಲ್ಲ.

ಊರಿಗೆ ಬಂದ ವಾರಕ್ಕೆ ಮುದ್ದೇಬಿಹಾಳದ ಕಾಲೇಜಿನಲ್ಲಿ ಸನ್ಮಾನ. ನಾನು ಓದಿದ ಕಾಲೇಜು. ಶಾಲು ಹೊದಿಸಿ, ಅಕ್ಕನ ಅಗಲಿಕೆಯ ನೋವು ನುಂಗಿ ನಾಡಿನ ಕೀರ್ತಿ ಬೆಳಗಿದವಳು ಎಂದು ಒಬ್ಬರು ಭಾಷಣ ಮಾಡಿದರು. ನಾನು ಏನನ್ನೂ ನುಂಗಿರಲಿಲ್ಲ. ಅದಿನ್ನೂ ನನ್ನ ಬಾಯಿಗೇ ಬಂದಿರಲಿಲ್ಲ. ಆದರೆ ಚಪ್ಪಾಳೆಗೆ ಕೈ ಮುಗಿದೆ.

ಮಾರನೆಯ ದಿನ ಬಸವನ ಬಾಗೇವಾಡಿಯಲ್ಲಿ ಬಸ್ಸು ಬದಲಿಸಿ ಸಿಂದಗಿಗೆ ಹೋದೆ. ಅಕ್ಕನ ಮಗಳಿಗೆ ಆಗ ನಾಲ್ಕು ವರ್ಷ. ನನ್ನ ಶಾಲು ಹೊದ್ದುಕೊಂಡು ಮನೆಯೆಲ್ಲ ತಿರುಗಿದಳು.

"ಚಿಗವ್ವಾ, ನೀ ಗೆದ್ದಿಯೇನು?"

"ಇಲ್ಲ."

"ಮತ್ತ ಸೋತಿಯೇನು?"

"ಇಲ್ಲವ್ವಾ. ಸಮ ಆಗಿತ್ತು. ಚೀಟಿ ಎತ್ತಿದ್ರು."

ಅದು ಅವಳಿಗೆ ಸರಿಬರಲಿಲ್ಲ. "ನಮ್ಮವ್ವಗ ಕೇಳ್ತೇನಿ," ಅಂದು ಒಳಗೆ ಹೋದಳು. ಭಾವ ಪೇಪರಿನಿಂದ ಮುಖ ಎತ್ತಲಿಲ್ಲ. ಸ್ವಲ್ಪ ಹೊತ್ತಿಗೆ ಅವಳು ಬರಿಗೈಯಲ್ಲಿ ಹೊರಗೆ ಬಂದು ನನ್ನ ತೊಡೆಯ ಮೇಲೆ ಕೂತಳು. ಅವಳ ನೆತ್ತಿಯ ಎಣ್ಣೆಯ ವಾಸನೆ ನನ್ನ ಮೂಗಿಗೆ ಬರುತ್ತಿತ್ತು. ನಾನು ಗೋಡೆಯ ಮೇಲಿನ ಕ್ಯಾಲೆಂಡರ್ ಓದುತ್ತಿದ್ದೆ.

ಅಳು ಬಂದದ್ದು ಮುಂದಿನ ಮಳೆಗಾಲದಲ್ಲಿ, ಶಿಬಿರದಲ್ಲಿ. ಮೀನಖಂಡ ಬಿಗಿದುಕೊಂಡಿತ್ತು. ಬೆಂಚಿನ ಮೇಲೆ ಬೋರಲಾಗಿ ಮಲಗಿದ್ದೆ, ಮೇಡಂ ಹೆಬ್ಬೆರಳಿನಿಂದ ಗಂಟು ಒತ್ತಿ ಬಿಡಿಸುತ್ತಿದ್ದರು. ಒಂದು ಕಡೆ ಒತ್ತಿದಾಗ ಜೀವ ಹೋದಂತಾಯಿತು. ಕಣ್ಣೀರು ಬಂತು. ನೋವು ಇಳಿದ ಮೇಲೂ ಅದು ನಿಲ್ಲಲಿಲ್ಲ, ಬೆಂಚಿನ ರೆಕ್ಸಿನ್ ಒದ್ದೆಯಾಯಿತು. ಮೂಗು ಸೋರಿತು. ನನ್ನ ಬಾಯಿಂದ ನನಗೇ ಗುರುತಿಲ್ಲದ ದನಿಯೊಂದು ಬರುತ್ತಿತ್ತು.

"ನೋವಾಯ್ತಾ? ನಿಲ್ಲಿಸ್ಲಾ?"

"ಬ್ಯಾಡ್ರಿ ಮೇಡಂ. ಒತ್ರಿ."

ಅವರು ಒತ್ತುತ್ತಲೇ ಇದ್ದರು. ಅವರಿಗೆ ಅರ್ಥವಾಗಿತ್ತೆಂದು ಕಾಣುತ್ತದೆ, ಏಕೆಂದರೆ ಆ ಕಾಲು ಮುಗಿಸಿ, ಏನೂ ಆಗಿರದ ಇನ್ನೊಂದು ಕಾಲನ್ನೂ ಹಿಡಿದುಕೊಂಡರು.

ಆಮೇಲೆ ಎರಡು ವರ್ಷ ಓಡಿದೆ. ಆ ದಿನದ ವೇಗ ಮತ್ತೆ ಸಿಗಲಿಲ್ಲ. ಓಟದ ಮುಂಚಿನ ಹೆದರಿಕೆ ಮರಳಿ ಬಂತು, ತಲೆ ಎತ್ತಿ ಪಕ್ಕ ನೋಡುವುದೂ ಬಂತು. ಈಗ ಹೂವಿನ ಹಿಪ್ಪರಗಿಯ ಶಾಲೆಯೊಂದರಲ್ಲಿ ದೈಹಿಕ ಶಿಕ್ಷಕಿ. ತಿಂಗಳಿಗೊಮ್ಮೆ ಸಿಂದಗಿಗೆ ಹೋಗುತ್ತೇನೆ. ಅವ್ವ ಈಗ ನನ್ನನ್ನು ನೇರವಾಗಿ ನೋಡಿ ಮಾತಾಡುತ್ತಾಳೆ. ಒಮ್ಮೊಮ್ಮೆ ಬಾಯಿತಪ್ಪಿ ಅಕ್ಕನ ಹೆಸರು ಹಿಡಿದು ಕರೆಯುತ್ತಾಳೆ. ನಾನು ಓ ಅನ್ನುತ್ತೇನೆ.