ಲೈಸೆನ್ಸು ಮತ್ತು ಮುಂದಿನ ಸೀಟು

ಪೊಲೀಸರು ತನ್ನ ಕಾರಿಗೆ ಕೈ ಅಡ್ಡ ಹಾಕಲಿ ಎಂದು ಆಸೆಪಡುವ ಡ್ರೈವರು ಇಡೀ ಚಿತ್ರದುರ್ಗ ಜಿಲ್ಲೆಯಲ್ಲಿ ನಾನೊಬ್ಬಳೇ ಇರಬೇಕು. ದೂರದಲ್ಲಿ ಖಾಕಿ ಕಂಡರೆ ಬೇರೆಯವರು ಗಡಿಬಿಡಿಯಿಂದ ಬೆಲ್ಟು ಎಳೆದುಕೊಳ್ಳುತ್ತಾರೆ. ನಾನು ವೇಗ ಇಳಿಸಿ, ಗಾಜು ಇಳಿಸಿ, ಮುಖಕ್ಕೆ ಸ್ವಲ್ಪ ಅನುಮಾನ ಹುಟ್ಟಿಸುವ ಕಳೆ ತಂದುಕೊಳ್ಳುತ್ತೇನೆ. ಮೊನ್ನೆ ಭರಮಸಾಗರದ ಹತ್ತಿರ ಒಬ್ಬರು ನನ್ನ ಮುಂದಿನ ಗಾಡಿಯನ್ನೂ ಹಿಂದಿನದನ್ನೂ ನಿಲ್ಲಿಸಿ, ನನಗೆ ಮಾತ್ರ ಹೋಗೆಂದು ಕೈಬೀಸಿದರು. ಅವಮಾನ ತಡೆಯಲಾಗದೆ ನಾನೇ ಬದಿಗೆ ನಿಲ್ಲಿಸಿ, "ಸಾರ್, ಲೈಸೆನ್ಸ್ ನೋಡಲ್ವಾ?" ಎಂದು ಕೇಳಿಬಿಟ್ಟೆ.

"ಐತಲ್ವ ಮೇಡಂ?"

"ಐತೆ ಸಾರ್!"

"ಮತ್ತೆ ಹೋಗ್ರಿ, ಬಿಸ್ಲು."

ನೀವು ನಗುತ್ತೀರಿ, ನಗಿ. ಆದರೆ ನನಗಿಂತ ಮೊದಲು ನಮ್ಮ ಮನೆಯಲ್ಲಿ ಯಾರ ಹೆಸರೂ ಯಾವ ಸರ್ಟಿಫಿಕೇಟಿನ ಮೇಲೂ ಅಚ್ಚಾಗಿರಲಿಲ್ಲ. ಎಸ್ಸೆಸ್ಸೆಲ್ಸಿಯಿಂದ ಬಿ.ಎಡ್.ವರೆಗೆ ನಾನು ಒಂದರಲ್ಲೂ ಡುಮ್ಕಿ ಹೊಡೆದವಳಲ್ಲ. ಬುದ್ಧಿವಂತೆಯಾಗಿದ್ದೆ ಅಂತಲ್ಲ, ಫೇಲಾದರೆ ಮಾರನೇ ದಿನವೇ ಕಳೆ ಕೀಳಲು ಹೋಗಬೇಕಾಗುತ್ತಿತ್ತು. ಭಯ ಒಳ್ಳೆಯ ಮೇಷ್ಟ್ರು. ಹೀಗೆ ಓದಿ ಓದಿ ಇತಿಹಾಸದ ಟೀಚರಾದೆ, ಹಳೆಯದೊಂದು ಕಾರು ಕೊಂಡೆ.

ನನ್ನವ್ವ ಮಾಡದಕೆರೆ ಸುತ್ತಿನ ಹೊಲಗಳಿಗೆ ಕೂಲಿಗೆ ಹೋದವಳು. ಹೋಗುತ್ತಿದ್ದುದು ಲಗೇಜ್ ಆಟೋದ ಹಿಂದೆ, ಹತ್ತಾರು ಹೆಂಗಸರ ನಡುವೆ ನಿಂತುಕೊಂಡು. ಮುಂದೆ ಡ್ರೈವರ್ ಪಕ್ಕದಲ್ಲಿ ಹೊಲದ ಯಜಮಾನರಾದ ಗೌಡರು ಕೂರುತ್ತಿದ್ದರು. ಕಾರು ಮನೆ ಮುಂದೆ ಬಂದ ದಿನ ಅವ್ವ ಅದನ್ನು ಒಂದು ಸುತ್ತು ಹಾಕಿ, ಮುಂದಿನ ಎಡಗಡೆ ಬಾಗಿಲ ಮೇಲೆ ಕೈಯಿಟ್ಟಳು.

"ಇಲ್ಲಿ ಕುಂತ್ಕಂಡು ಹೊಸದುರ್ಗಕ್ಕೆ ಹೋಗ್ಬೇಕು ಕಣೇ. ಆದ್ರೆ ನೀನೇ ಓಡುಸ್ಬೇಕು. ಲೈಸೆನ್ಸ್ ಬರೋಗಂಟ ನಾನು ಹತ್ತಲ್ಲ."

"ನಾನು ಕರ್ಕಂಡು ಹೋಗ್ತೀನಿ ಬರ್ರಿ ಅತ್ತೆ" ಎಂದ ನನ್ನ ಗಂಡನಿಗೆ, "ಗಂಡಸ್ರು ಎಲ್ಲಾರೂ ಓಡುಸ್ತೀರ ಬಿಡ್ರಿ" ಎಂದು ಒಳಗೆ ಹೋದಳು. ಇಷ್ಟು ದಿನ ಪರೀಕ್ಷೆ ಬರೆದದ್ದು ನನಗಾಗಿ. ಇದು ಅವ್ವನ ಸೀಟಿಗಾಗಿ.

ಡ್ರೈವಿಂಗ್ ಟೆಸ್ಟಿನಲ್ಲಿ ಮೊದಲು ಎಂಟು ಹಾಕಬೇಕು, ಅಂದರೆ ಎಂಟರ ಆಕಾರದಲ್ಲಿ ಗಾಡಿ ತಿರುಗಿಸಬೇಕು. ಏಳು ಸುತ್ತಿನ ಕೋಟೆ ಇಟ್ಟುಕೊಂಡ ಜಿಲ್ಲೆಯವರಿಗೆ ಇನ್ನೊಂದು ಸುತ್ತು ಹೆಚ್ಚೇ ಎಂದು ಧೈರ್ಯ ಮಾಡಿದೆ. ಕೋಟೆ ಆಳಿದ ಪಾಳೆಯಗಾರರು ಕುದುರೆ ಹತ್ತುವ ಮುನ್ನ ಯಾರ ಮುಂದೆ ಎಂಟು ಹಾಕಿ ತೋರಿಸಿದ್ದರೋ, ನಾನು ಪಾಠ ಮಾಡುವ ಯಾವ ಪುಸ್ತಕದಲ್ಲೂ ಇಲ್ಲ. ನಾನಂತೂ ನೆಟ್ಟಗೆ ಹಾಕಿದೆ. ಪಕ್ಕದಲ್ಲಿ ಕುಳಿತ ಇನ್‌ಸ್ಪೆಕ್ಟರ್, "ಈಗ ರೋಡಿಗೆ ತಗಳ್ರಿ" ಎಂದರು.

ಎಡವಟ್ಟಾದದ್ದು ಅಲ್ಲಿ. ನಮ್ಮ ಕಡೆ ರಸ್ತೆಯಲ್ಲಿ ಕೈ ಎತ್ತಿದವರನ್ನು ಬಿಟ್ಟು ಹೋಗುವ ಪದ್ಧತಿಯಿಲ್ಲ. ಬಸ್ಸು ಕಡಿಮೆ, ಊರು ದೂರ. ಬಿಟ್ಟು ಹೋದರೆ ಸಂಜೆಯೊಳಗೆ ಮನೆಗೆ ದೂರು ಬರುತ್ತದೆ. ತಿರುವಿನಲ್ಲಿ ಒಬ್ಬ ಅಜ್ಜಿ ನುಗ್ಗೆಸೊಪ್ಪಿನ ಬುಟ್ಟಿ ಹಿಡಿದು ಕೈ ಎತ್ತಿದಳು. ನನ್ನನ್ನು ಒಂದು ಮಾತೂ ಕೇಳದೆ ನನ್ನ ಕಾಲು ಬ್ರೇಕು ಒತ್ತಿತು. ಅಜ್ಜಿ ಹಿಂದಿನ ಬಾಗಿಲು ತೆಗೆದು ಬುಟ್ಟಿ ಸಮೇತ ಕುಳಿತಳು.

"ಹೊಳಲ್ಕೆರೆ ಬಸ್ ನಿಲ್ಲೋ ತಾವ ಬಿಡವ್ವ."

ಇನ್‌ಸ್ಪೆಕ್ಟರ್ ಹಿಂದಕ್ಕೆ ತಿರುಗಿದರು. "ಅಜ್ಜಿ, ಇಳೀರಿ. ಇಲ್ಲಿ ಟೆಸ್ಟ್ ನಡೀತೈತೆ."

"ಮಾಡ್ಕಳಪ್ಪ. ನಂಗೆ ಶುಗರ್ ಇಲ್ಲ, ಬಿಪಿನೂ ಇಲ್ಲ."

ಇನ್‌ಸ್ಪೆಕ್ಟರ್ ನಗು ನುಂಗಿಕೊಂಡು ಅವಳನ್ನು ಇಳಿಸಿ, ನನ್ನ ಕಡೆ ತಿರುಗಿದರು. "ಮೇಡಂ, ನಿಲ್ಸಿದ್ದು ತಪ್ಪಲ್ಲ. ಕನ್ನಡಿ ನೋಡ್ಲಿಲ್ಲ, ಸಿಗ್ನಲ್ ಹಾಕ್ಲಿಲ್ಲ, ತಿರುವಿನಾಗೆ ನಿಲ್ಸಿದ್ರಿ. ಇನ್ನೊಂದ್ ಸಲ ಬರ್ರಿ."

ಹೀಗೆ ಬದುಕಿನಲ್ಲಿ ಮೊದಲ ಬಾರಿಗೆ ಫೇಲಾದೆ. ಮನೆಗೆ ಬಂದು ತಲೆ ತಗ್ಗಿಸಿ ಎಲ್ಲ ಹೇಳಿದೆ. ಅವ್ವ ಪೂರ್ತಿ ಕೇಳಿಸಿಕೊಂಡು, "ಆಮೇಲೆ ಅಜ್ಜಿನ ಬಸ್ ತಾವ ಬಿಟ್ಟು ಬಂದೇನೇ?" ಎಂದಳು.

"ಇಲ್ಲವ್ವ."

"ಹಂಗಾರೆ ಫೇಲೇ ಬಿಡು."

ಮುಂದಿನ ಸಲ ಕನ್ನಡಿಯನ್ನು ಎಷ್ಟು ನೋಡಿದೆನೆಂದರೆ, ಇನ್‌ಸ್ಪೆಕ್ಟರ್, "ರೋಡನ್ನೂ ಸ್ವಲ್ಪ ನೋಡ್ರಿ ಮೇಡಂ" ಎಂದರು. ದೇವರ ದಯೆ, ಆ ದಿನ ಯಾರೂ ಕೈ ಎತ್ತಲಿಲ್ಲ. ಪಾಸಾದೆ. ಅಂಚೆಯಲ್ಲಿ ಕಾರ್ಡು ಬಂದಾಗ ಅವ್ವ ಹಿಂದೆ ಮುಂದೆ ತಿರುಗಿಸಿ, "ಫೋಟೋದಾಗೆ ಕಳ್ಳಿ ಇದ್ದಂಗಿದೀಯ" ಎಂದು ಮೆಚ್ಚಿಕೊಂಡಳು. ಹತ್ತು ವರ್ಷಕ್ಕೆ ಮತ್ತೆ ಮಾಡಿಸಬೇಕೆಂದು ಹೇಳಿದೆ. "ಡಿಗ್ರಿನೂ ಹಿಂಗೇನಾ?" ಎಂದು ಗಾಬರಿಯಾದಳು. ಅಲ್ಲವೆಂದು ಸಮಾಧಾನ ಮಾಡಿದೆ. ಡಿಗ್ರಿಗೂ ಅವಧಿ ಇಟ್ಟು ಆಗಾಗ ಎಂಟು ಹಾಕಿಸಿದ್ದರೆ ನಮ್ಮ ಸ್ಟಾಫ್ ರೂಮು ಅರ್ಧ ಖಾಲಿಯಾಗುತ್ತಿತ್ತು, ನನ್ನ ಕುರ್ಚಿಯೂ ಸೇರಿ!

ಆ ಭಾನುವಾರ ಅವ್ವ ಹೊಸ ಸೀರೆಯುಟ್ಟು ಮುಂದೆ ಕುಳಿತಳು. ಊರು ದಾಟುವಷ್ಟರಲ್ಲಿ ಬೇವಿನ ಮರದ ಕೆಳಗೆ ಒಂದು ಕೈ ಎದ್ದಿತು. ನೋಡಿದರೆ ಅದೇ ಗೌಡರು, ಈಗ ಕೋಲು ಹಿಡಿದಿದ್ದಾರೆ. ಕನ್ನಡಿ ನೋಡಿ, ಸಿಗ್ನಲ್ ಹಾಕಿ, ಎಡಕ್ಕೆ ನಿಲ್ಲಿಸಿದೆ. ಗೌಡರು ಅಭ್ಯಾಸಬಲದಿಂದ ನೇರವಾಗಿ ಮುಂದಿನ ಬಾಗಿಲಿಗೇ ಬಂದು ಹಿಡಿಗೆ ಕೈ ಹಾಕಿದರು. ಅವ್ವ ಇಳಿದುಬಿಟ್ಟರೆ?

ಅವ್ವ ಗಾಜು ಇಳಿಸಿದಳು. "ಹಿಂದೆ ಕುಂತ್ಕಳ್ರಿ ಗೌಡ್ರೆ. ಬೇಕಾದಷ್ಟು ಜಾಗ ಐತೆ."

ಗೌಡರು ಅವಳನ್ನು ನೋಡಿದರು, ನನ್ನನ್ನು ನೋಡಿದರು. "ಓಹೋ, ಮಗಳು ಡ್ರೈವರ್ರಾ! ಆಗ್ಲಿ ತಾಯಿ" ಎಂದು ನಗುತ್ತಾ ಹಿಂದೆ ಹತ್ತಿದರು.

ಲೈಸೆನ್ಸು ಓಡಿಸುವವರಿಗೆ ಎಂದು ನಿಯಮದ ಪುಸ್ತಕದಲ್ಲಿದೆ. ಪಕ್ಕದಲ್ಲಿ ಕೂರುವವರಿಗೂ ಒಂದು ಸಿಗುತ್ತದೆ ಎಂದು ಅದರಲ್ಲಿ ಎಲ್ಲೂ ಬರೆದಿಲ್ಲ.

ಸ್ವಲ್ಪ ದೂರ ಹೋದ ಮೇಲೆ ಅವ್ವ ಹಿಂದಕ್ಕೆ ತಿರುಗಿ ಬಹಳ ಕಾಳಜಿಯಿಂದ ಕೇಳಿದಳು, "ಹಿಂದಕ್ಕೆ ಗಾಳಿ ಬರ್ತೈತಾ ಗೌಡ್ರೆ?"

"ಬರ್ತೈತೆ ತಾಯಿ, ಬರ್ತೈತೆ."

ಅವ್ವ ಮುಂದಕ್ಕೆ ತಿರುಗಿ ಸೀಟಿಗೆ ಬೆನ್ನು ಒರಗಿಸಿ ಕುಳಿತಳು. ನಾನು ಗೇರು ಬದಲಾಯಿಸಿದೆ.