ಗುರವ್ವ ಬಾಗಿಲು ತೆಗೆಯಲಿಲ್ಲ

ಜರ್ಮನಿಯ ಕಾರ್ಲ್ಸ್‌ರುಹೆಯಲ್ಲಿ ಗುರವ್ವನಿಗೆ ಬೇರೇನಕ್ಕೆ ಬರವಿದ್ದರೂ ಹೆದರಿಕೆಗೆ ಬರವಿರಲಿಲ್ಲ. ಟ್ರಾಮಿನಲ್ಲಿ ಟಿಕೆಟ್ ಕೇಳುವವರೆಂದರೆ ಹೆದರಿಕೆ, ಕಸ ತಪ್ಪು ಡಬ್ಬಿಗೆ ಬಿತ್ತೇನೋ ಎಂದು ಹೆದರಿಕೆ, ಸದ್ದು ಮಾಡಬಾರದ ಭಾನುವಾರ ಮಿಕ್ಸರ್ ತಿರುಗಿಸಲು ಹೆದರಿಕೆ. ಜರ್ಮನ್ ಸರ್ಕಾರದ ಗ್ರೀನ್ ಕಾರ್ಡ್ ಹಿಡಿದು ಸಾಫ್ಟ್‌ವೇರ್ ಕೆಲಸಕ್ಕೆ ಬಂದ ಗಂಡ ದುಂಡಪ್ಪ ಅಲೆದಲೆದು ಈ ಮನೆ ಹಿಡಿದಿದ್ದ. "ಮಂದಿ ಕಂಪ್ಲೇಂಟ್ ಕೊಟ್ರ ಮನೀನೂ ಹೋಗ್ತದ, ವೀಸಾನೂ ಹೋಗ್ತದ ನೋಡು," ಎಂದು ದಿನವೂ ಹೇಳಿಯೇ ಆಫೀಸಿಗೆ ಹೊರಡುತ್ತಿದ್ದ. ಹೆದರುವವರ ಮೇಲೆ ಕಪ್ಪೆ ಎಸೆಯುವುದೆಂದರೆ ಇದೇ.

ಅಂಥವಳು ಒಂದು ಸಂಜೆ ಧೈರ್ಯ ಮಾಡಿ, ಕೆಳಮನೆಯ ಒಂಟಿ ಮುದುಕಿ ಫ್ರಾವ್ ಲಿಂಡ್ನರ್ ಜೊತೆ ಲೈಬ್ರರಿಗೆ ಹೋಗಿ ಒಂದು ಪುಟ್ಟ ಫ್ರೆಂಚ್ ಸಿನಿಮಾ ನೋಡಿದಳು. ಅದರಲ್ಲಿ ಮಾತೇ ಇಲ್ಲ. ಗುರುತಿಲ್ಲದ ಒಬ್ಬ ಮುದುಕ, ಒಬ್ಬ ಹೆಂಗಸು ದಿನವೂ ಪಾರ್ಕಿನ ಬೆಂಚಿನ ಮೇಲೆ ಕೂತು ಒಂದೇ ಬ್ರೆಡ್ಡು ಮುರಿದು ತಿನ್ನುತ್ತಾರೆ. ಕೊನೆಗೆ ಮುದುಕ ಬರುವುದಿಲ್ಲ, ಹೆಂಗಸು ಬ್ರೆಡ್ಡು ಹಿಡಿದು ಕೂತೇ ಇರುತ್ತಾಳೆ. ಗುರವ್ವ ಸೆರಗಿನಿಂದ ಕಣ್ಣೊರೆಸಿಕೊಂಡಳು. ಫ್ರಾವ್ ಲಿಂಡ್ನರ್ ಕೂಡ ಅತ್ತಳು.

ಮರುದಿನ ಮಧ್ಯಾಹ್ನ ಬಾಗಿಲ ಬೆಲ್ ಆಯಿತು. ಕಿಂಡಿಯಲ್ಲಿ ನೋಡಿದರೆ ಮುದುಕಿ ಮುಖ ಗಂಟು ಹಾಕಿಕೊಂಡು ನಿಂತಿದ್ದಾಳೆ. ಬೆಳಿಗ್ಗೆ ಶೇಂಗಾ ಕುಟ್ಟಿದ್ದು ಕೇಳಿಸಿರಬೇಕು! ಗುರವ್ವ ಉಸಿರು ಬಿಗಿಹಿಡಿದು ನಿಂತಳು. ಅದರ ಮರುದಿನವೂ ಬೆಲ್. ಅವಳು ಒಲೆ ಆರಿಸಿ, ಬರಿಗಾಲಲ್ಲಿ, ತನ್ನ ಮನೆಯಲ್ಲೇ ಕಳ್ಳರ ಹಾಗೆ ಓಡಾಡಿದಳು. ಮನೆ ಹೋಯಿತೆಂದೇ ಲೆಕ್ಕ. ಗಂಡನಿಗೆ ಹೇಳಲು ಬಾಯಿ ಬರಲಿಲ್ಲ.

ವಾರದ ಕೊನೆಗೆ ಕಸ ಚೆಲ್ಲಿ ಬರುವಾಗ ಮೆಟ್ಟಿಲ ಮೇಲೆ ಗುರವ್ವ ಸಿಕ್ಕಿಬಿದ್ದಳು. ಮುದುಕಿ ತೋಳು ಹಿಡಿದು ಒಳಗೆ ಕರೆದೊಯ್ದಳು. ಮೇಜಿನ ಮೇಲೆ ಎರಡು ಕಪ್ಪು, ಇನ್ನೂ ಕತ್ತರಿಸದ ಕೇಕು.

"'ಇಶ್ ಕೊಮ್ಮೆ' ಅಂದಿರಿ," ಎಂದಳು ಮುದುಕಿ, ಇವಳಿಗೆ ತಿಳಿಯಲೆಂದು ನಿಧಾನದ ಜರ್ಮನ್‌ನಲ್ಲಿ. "ಬರ್ತೀನಿ ಅಂದಿರಿ. ದಿನಾ ಕಾದೆ. ನಾನೇನು ತಪ್ಪು ಮಾಡಿದೆ?"

ಹೌದು, ಸಿನಿಮಾ ಮುಗಿಸಿ ಬಂದ ಸಂಜೆ ಗುರವ್ವ ಅಂದಿದ್ದಳು. ಹೊರಡುವಾಗ 'ಹೋಗ್ತೀನಿ' ಅನ್ನಬಾರದು, 'ಬರ್ತೀನಿ' ಅನ್ನಬೇಕೆಂದು ಗದಗಿನಲ್ಲಿ ಅವ್ವ ಕಲಿಸಿದ್ದನ್ನೇ ತನಗೆ ಬರುವ ನಾಲ್ಕು ಜರ್ಮನ್ ಮಾತಿನಲ್ಲಿ ಹೇಳಿದ್ದಳು. ಮುದುಕಿಯ ಮುಖದಲ್ಲಿ ಇದ್ದದ್ದು ಸಿಟ್ಟಲ್ಲ, ಹೆದರಿಕೆ. ಈಕೆಯೂ ತನ್ನನ್ನು ಬಿಟ್ಟಳೇ ಎಂಬ ಹೆದರಿಕೆ. ಗುರವ್ವನಿಗೆ ನಾಚಿಕೆಯಾಯಿತು.

ಕೇಕು ತಿಂದು ಏಳುವಾಗ ಮತ್ತೆ ಹೆದರಿಕೆ, ಏನೆಂದು ಹೇಳಿ ಹೊರಡುವುದು? ಹೋಗುತ್ತೇನೆ ಎಂದರೆ ಎಂಬತ್ತರ ಜೀವದ ಮುಂದೆ ಅಪಶಕುನ. ಬರುತ್ತೇನೆ ಎಂದರೆ ಈಕೆ ಕಾಯುತ್ತಾಳೆ. ಮುದುಕಿ ಬಾಗಿಲು ಹಿಡಿದು ಅವಳ ಬಾಯನ್ನೇ ನೋಡುತ್ತಿದ್ದಳು.

"ಇಶ್ ಕೊಮ್ಮೆ," ಎಂದಳು ಗುರವ್ವ.

"ಯಾವಾಗ?" ಎಂದು ಮುದುಕಿ ಕೇಳಿಯೇಬಿಟ್ಟಳು.

"ನಾಳೆ," ಎಂದು ಗುರವ್ವ ನಾಲ್ಕು ಬೆರಳು ಎತ್ತಿ ಹೊತ್ತು ತೋರಿಸಿದಳು.